ತುರಿಕೆ ಹೋಗಲು ಎಷ್ಟು ಸೋಮವಾರ

ಎಷ್ಟು ದಿನಕ್ಕೆ ಹೋಗುತ್ತದೆ ಎಂದು ಯಾರಾದರೂ ಕೇಳಿದರೆ ನನ್ನಲ್ಲಿ ಎರಡು ಉತ್ತರಗಳಿವೆ. ಕಜ್ಜಿಯ ಹುಳ ಸಾಯಲು ಮೂರು ದಿನ ಸಾಕಾಯಿತು. ತುರಿಕೆ ಹೋಗಲು ನಲವತ್ತು ದಿನ ಹಿಡಿಯಿತೆಂದು ಇಷ್ಟು ವರ್ಷ ಹೇಳಿಕೊಂಡು ಬಂದೆ. ನಲವತ್ತು ಎಂದರೆ ಕೇಳುವವರು ತಲೆ ಆಡಿಸುತ್ತಾರೆ, ಮತ್ತೆ ಪ್ರಶ್ನೆ ಹಾಕುವುದಿಲ್ಲ. ಬರೆಯಲು ಕೂತ ಮೇಲೆ ಆ ಲೆಕ್ಕದ ಮೇಲಿನ ನಂಬಿಕೆ ಹೋಯಿತು. ಆಗ ದಿನಗಳನ್ನು ಯಾರೂ ಎಣಿಸಿರಲಿಲ್ಲ. ನನಗೆ ಖಚಿತವಾಗಿ ನೆನಪಿರುವುದು ಸೋಮವಾರಗಳು ಮಾತ್ರ. ಸೋಮವಾರ ಎತ್ತಿನ ಹೆಗಲ ಮೇಲೆ ನೊಗ ಇಡುವಂತಿರಲಿಲ್ಲ, ಹಾಗಾಗಿ ಅಪ್ಪನ ಗಾಣ ನಿಲ್ಲುತ್ತಿತ್ತು.

ಯುದ್ಧ ನಡೆದಿದ್ದ ಕಾಲ. ನನಗೆ ಹತ್ತೊಂಬತ್ತೋ ಇಪ್ಪತ್ತೋ. ತವರು ಕೊಪ್ಪಳ, ಕೊಟ್ಟದ್ದು ಹನುಮಸಾಗರಕ್ಕೆ. ಎರಡು ಕಡೆಯವರೂ ಗಾಣಿಗರೇ, ಆದರೆ ಅತ್ತೆಯ ಮನೆಯಲ್ಲಿ ಗಾಣ ಬಿಟ್ಟು ಹೊಲ ಹಿಡಿದು ಬಹಳ ವರ್ಷಗಳಾಗಿದ್ದವು. ಮಾವ ತೀರಿಕೊಂಡಿದ್ದರು. ಮನೆಯಲ್ಲಿ ಇದ್ದದ್ದು ಅತ್ತೆ, ನಮ್ಮ ಮನೆಯವರು, ನಾನು ಮತ್ತು ಹತ್ತು ತಿಂಗಳ ಮಗಳು ಕಮಲಿ.

ಮೊದಲು ಬೆರಳುಗಳ ಸಂದಿಯಲ್ಲಿ ರಾಗಿಕಾಳಿನಂಥ ಗುಳ್ಳೆಗಳು ಎದ್ದವು. ಹೊಲದ ಕಸ ತಾಗಿರಬೇಕು ಅಂದುಕೊಂಡೆ. ಆಮೇಲೆ ಮಣಿಕಟ್ಟು, ಕಂಕುಳು, ಸೀರೆಯ ನಿರಿಗೆ ಸಿಕ್ಕಿಸುವ ಜಾಗ. ಕೈ ತುರಿಸಿದರೆ ಹೇಗೋ ಸುಧಾರಿಸಬಹುದು, ನಿರಿಗೆಯ ಜಾಗ ತುರಿಸಿದರೆ ನಾಲ್ಕು ಜನರ ಮುಂದೆ ಏನು ಮಾಡುವುದು? ಕುಳಿತಲ್ಲೇ ಹಲ್ಲು ಕಚ್ಚಿ ಹಿಡಿದು ಉಸಿರು ಬಿಗಿಯುತ್ತಿದ್ದೆ.

ಒಂದು ಬೆಳಿಗ್ಗೆ ರೊಟ್ಟಿ ಬಡಿಯುತ್ತಿದ್ದೆ. ಅತ್ತೆ ಬಂದು ಎದುರಿಗೆ ಕುಕ್ಕರಗಾಲಲ್ಲಿ ಕೂತರು.

"ಕೈ ತೋರ್ಸು."

ತೋರಿಸಿದೆ. ಅವರು ಮುಟ್ಟಲಿಲ್ಲ, ಬಗ್ಗಿ ನೋಡಿದರು. ಆಮೇಲೆ ಕಲಸಿದ ಹಿಟ್ಟಿನ ಪರಾತವನ್ನು ಕಾಲಿನಿಂದ ತಮ್ಮ ಕಡೆ ಎಳೆದುಕೊಂಡರು.

"ಹುರುಕು ಐತಿದು. ಹಿಟ್ಟು ಮುಟ್ಟಬ್ಯಾಡ. ತವರಮನಿಗೆ ಹೋಗು. ಕೆರಕೊಳ್ಳೂದು ನಿಂತ ದಿನ ಬಾ."

"ಕೂಸ್ರಿ?"

"ಕೂಸು ಇಲ್ಲೇ ಇರತೈತಿ. ನಿನ್ನ ಮಗ್ಗಲಾಗ ಮಲಗಿ ಅದೂ ಕೆರಕೊಳ್ಳಬೇಕೇನು?"

ಮಗಳು ದೊಡ್ಡವಳಾದ ಮೇಲೆ ಅವಳಿಗೆ ಇದನ್ನು ಹೇಳುವಾಗ, ಅತ್ತೆ ಕೈಯಲ್ಲಿ ಕೋಲು ಹಿಡಿದು ಬಾಗಿಲಲ್ಲಿ ನಿಂತಿದ್ದರು ಎನ್ನುತ್ತಿದ್ದೆ. ಕೋಲು ಇರಲಿಲ್ಲ. ಹೇಳುತ್ತಾ ಹೇಳುತ್ತಾ ಯಾವಾಗಲೋ ಅದು ಅವರ ಕೈಗೆ ಬಂದುಬಿಟ್ಟಿದೆ. ಇದ್ದದ್ದು ಕಮಲಿ, ಅವರ ಸೊಂಟದ ಮೇಲೆ.

ಎರಡು ದಿನದ ಬಂಡಿಯ ಹಾದಿ, ನಡುವೆ ಕುಷ್ಟಗಿಯಲ್ಲಿ ಒಂದು ವಸತಿ. ಮೊದಲ ದಿನ ಮಧ್ಯಾಹ್ನವೇ ಕುಪ್ಪಸ ಒದ್ದೆಯಾಯಿತು. ನಮ್ಮ ಮನೆಯವರು ಬಂಡಿ ಹೊಡೆಯುತ್ತಾ ಹಿಂದಿರುಗಿ ನೋಡಲಿಲ್ಲ. ನೋಡಿದ್ದರೂ ಅವರೇನು ಮಾಡಬಲ್ಲವರಾಗಿದ್ದರು? ಹಾಲು ಹಿಂಡಿ ಬಂಡಿಯ ಹೊರಗೆ ಚೆಲ್ಲಿದೆ. ಹಾಲು ಬತ್ತುವ ಮೊದಲು ತುರಿಕೆ ನಿಲ್ಲಬೇಕು. ಅಲ್ಲಿಂದ ಮುಂದಿನ ದಿನಗಳಲ್ಲಿ ನನ್ನ ತಲೆಯಲ್ಲಿದ್ದದ್ದು ಇದೊಂದೇ.

ಕೊಪ್ಪಳ ಮುಟ್ಟಿದ ಮೂರನೆಯ ದಿನ ಅಪ್ಪ, ಅವ್ವ ನನ್ನನ್ನು ದವಾಖಾನೆಗೆ ಕರೆದೊಯ್ದರು. ಮಂಗಳವಾರ ಇರಬೇಕು, ಗಾಣವನ್ನು ಅಣ್ಣನಿಗೆ ಬಿಟ್ಟು ಬಂದೆನೆಂದು ಅಪ್ಪ ದಾರಿಯುದ್ದಕ್ಕೂ ಚಡಪಡಿಸುತ್ತಿದ್ದ. ದವಾಖಾನೆಯ ಪಡಸಾಲೆಯಲ್ಲಿ ಮೂವತ್ತು ಜನ ಇದ್ದಿರಬಹುದು. ಅರ್ಧಕ್ಕರ್ಧ ಜನ ಕೈಯನ್ನು ಸೆರಗಿನಲ್ಲೋ ಕಂಬಳಿಯಲ್ಲೋ ಬಚ್ಚಿಟ್ಟುಕೊಂಡು ಕೂತಿದ್ದರು. ಯಾಕೆಂದು ನನಗೆ ಕೂಡಲೇ ತಿಳಿಯಿತು. ಒಬ್ಬ ಮುದುಕ ಮಾತ್ರ ಯಾವ ಸಂಕೋಚವೂ ಇಲ್ಲದೆ ಬೆನ್ನನ್ನು ಕಂಬಕ್ಕೆ ತಿಕ್ಕುತ್ತಿದ್ದ. ಕಂಬದ ಸುಣ್ಣ ಅವನ ಎತ್ತರಕ್ಕೆ ಸರಿಯಾಗಿ ಹೋಗಿತ್ತು.

"ಸಾಕು ಬಿಡೋ ಯಜ್ಜಾ, ಕಂಬಕ್ಕೂ ಹತ್ತೀತು" ಅಂದಳು ಪಕ್ಕದಲ್ಲಿದ್ದ ಹೆಂಗಸು. ನಾಲ್ಕೈದು ಜನ ನಕ್ಕರು. ಅವಳು ನನ್ನ ಕಡೆ ತಿರುಗಿದಳು. "ಕೆರಕೋ ತಂಗಿ. ಇಲ್ಲಿ ಬಿಟ್ರ ಮತ್ತೆಲ್ಲಿ ಕೆರಕೋತಿ? ಇಲ್ಲಿ ಎಲ್ಲಾರೂ ನಮ್ಮವರ."

ನಾನು ಕೈ ಹೊರಗೆ ತೆಗೆದು ಮನದಣಿಯೆ ತುರಿಸಿಕೊಂಡೆ. ಅವಳ ಮುಖ ಈಗ ನೆನಪಿಲ್ಲ, ಊರು ಕೇಳಲಿಲ್ಲ. ಆದರೆ ಆ ಪಡಸಾಲೆಯಲ್ಲಿ ಕೂತಷ್ಟು ಹೊತ್ತು ನಾನು ಹೊಲಸು ಹೆಂಗಸಾಗಿರಲಿಲ್ಲ.

ಡಾಕ್ಟರು ಹೈದರಾಬಾದಿನ ಕಡೆಯವರು, ಉರ್ದು ಮಾತಾಡುತ್ತಿದ್ದರು. ನಮ್ಮ ಮಾತು ಅವರಿಗೆ, ಅವರ ಮಾತು ನಮಗೆ ಕಾಂಪೌಂಡರ್ ಹೇಳುತ್ತಿದ್ದ. ನನ್ನ ಕೈ ನೋಡಿ ಡಾಕ್ಟರು ಕೇಳಿದ ಮೊದಲ ಪ್ರಶ್ನೆ, ಮನೆಯಲ್ಲಿ ಮತ್ತೆ ಯಾರಿಗೆ ಇದೆ ಎಂಬುದು.

"ಯಾರಿಗೂ ಇಲ್ಲರಿ" ಅಂದೆ.

"ಮಗ್ಗಲಾಗ ಯಾರು ಮಲಗತಾರ ಅಂತ ಕೇಳತಾರ ಸಾಹೇಬರು."

"ಕೂಸರಿ. ಅದು ಅಲ್ಲೇ ಐತ್ರಿ, ಅತ್ತಿ ಕಡೆ."

ಡಾಕ್ಟರು ಏನೋ ಉದ್ದಕ್ಕೆ ಹೇಳಿದರು. ಕಾಂಪೌಂಡರ್ ಅದನ್ನು ತಿರುಗಿಸಿ ಹೇಳಿದ: "ಹಂಗಂದ್ರ ಕೂಸಿಗೂ ಐತಿ. ಕೂಸನ್ನ ಎತ್ತಿಕೊಂಡವರಿಗೂ ಬರತೈತಿ. ಎಲ್ಲಾರೂ ಒಂದs ದಿನ ಮುಲಾಮು ಹಚ್ಚಬೇಕು. ಒಬ್ಬರು ಹಚ್ಚಿ ಒಬ್ಬರು ಬಿಟ್ರ ಹೋಗಿದ್ದು ತಿರುಗಿ ಬರತೈತಿ. ಕುತ್ತಿಗಿಯಿಂದ ಪಾದದ ತನಕ, ಮೂರು ದಿನ. ನಾಕನೇ ದಿನ ಸ್ನಾನ, ಹಾಸಿಗಿ ಕುದಸೂದು. ಆಮ್ಯಾಲ ಹಚ್ಚಬ್ಯಾಡ್ರಿ. ತುರಿಕಿ ಇನ್ನೂ ಸ್ವಲ್ಪ ದಿನ ಇರತೈತಿ, ಅದಕ್ಕ ಅಂಜಬ್ಯಾಡ್ರಿ."

ಎಲ್ಲವನ್ನೂ ಹೇಳಿದ್ದ. ಆಮೇಲೆ ನಾವು ಮಾಡಿದ್ದಕ್ಕೆ ಅವನನ್ನು ದೂರುವಂತಿಲ್ಲ.

ಅಪ್ಪ ಮುಲಾಮಿನ ಡಬ್ಬಿಯನ್ನು ಮೂಸಿ ನೋಡಿದ. ಎಣ್ಣೆಯ ಮನುಷ್ಯ, ಮೂಸದೆ ಯಾವುದನ್ನೂ ತೆಗೆದುಕೊಂಡವನಲ್ಲ.

"ಗಂಧಕ ಗೊತ್ತಾತು. ಕೂಡಿಸಿದ್ದು ಏನರಿ ಇದರಾಗ?"

"ಕೊಬ್ಬು."

"ಯಾವುದರ ಕೊಬ್ಬು?"

ಕಾಂಪೌಂಡರ್ ದನಿ ತಗ್ಗಿಸಿದ. "ಅದನ್ನ ಕೇಳಬ್ಯಾಡ್ರಿ ಯಜಮಾನ್ರ. ನಾನೂ ಕೇಳಿಲ್ಲ. ಕಡ್ಡಿಲೇ ತಗದು ಕೊಡತೀನಿ, ಕೈ ಹಚ್ಚಂಗಿಲ್ಲ."

ಕೊರಳಲ್ಲಿ ಲಿಂಗ ಕಟ್ಟಿಕೊಂಡವರು ಅದನ್ನು ಮೈಗೆ ಹಚ್ಚುವುದು ಹೇಗೆ? ಅಪ್ಪ ಡಬ್ಬಿಯನ್ನು ಮರಳಿಸಿ ಬರಿಯ ಗಂಧಕದ ಪುಡಿ ಬೇಡಿದ. ಎಷ್ಟು ಎಣ್ಣೆಗೆ ಎಷ್ಟು ಪುಡಿ ಎಂದು ಕಾಂಪೌಂಡರ್ ಹೇಳಲು ಬಂದರೆ ಅಪ್ಪ ಕೈ ಅಡ್ಡ ಹಿಡಿದ. "ಎಣ್ಣಿ ವಿಚಾರ ನನಗ ಹೇಳಬ್ಯಾಡೋ ತಮ್ಮಾ."

ಮನೆಗೆ ಬಂದು ಹೊಸದಾಗಿ ಇಳಿದ ಕುಸುಬಿ ಎಣ್ಣೆಗೆ ಗಂಧಕವನ್ನು ಹಿಡಿ ತುಂಬಿ ಹಾಕಿ ಕಲಸಿದ. ಪಲ್ಯದಂತೆ ಗಟ್ಟಿಯಾಗಿತ್ತು. ಅವ್ವ ಮೂರು ದಿನ ಹಚ್ಚಿದಳು. ಮೈಯೆಲ್ಲ ಹಳದಿ. ಬೆಂಕಿಕಡ್ಡಿ ಗೀರಿದ ವಾಸನೆ ಸೀರೆಗೆ, ಕೂದಲಿಗೆ, ಉಣ್ಣುವ ತುತ್ತಿಗೂ ಹತ್ತಿತು. ನಾಲ್ಕನೆಯ ದಿನ ಎರೆದುಕೊಂಡೆ. ಸಾಬೂನು ಸಿಗದ ಕಾಲ, ಕಡಲೆಹಿಟ್ಟು ಹಾಕಿ ತಿಕ್ಕಿದಳು ಅವ್ವ. ಕೌದಿಗಳು ಹಂಡೆಯಲ್ಲಿ ಕುದ್ದವು. ಎರಡು ದಿನ ಹಗುರಾಗಿದ್ದೆ. ಎದೆಯಲ್ಲಿ ಇನ್ನೂ ಹಾಲು ತುಂಬುತ್ತಿತ್ತು. ಮನಸ್ಸಿನಲ್ಲೇ ಬಂಡಿ ಹತ್ತಿ ಕೂತಿದ್ದೆ.

ಆಮೇಲೆ ಮೊದಲನೆಯ ಸೋಮವಾರ ಬಂತು.

ನಮ್ಮ ಮನೆಯಲ್ಲಿ ಗಾಣದ ಕಿರುಗುಟ್ಟುವಿಕೆ ಬೆಳಗಿನಿಂದ ಸಂಜೆಯವರೆಗೆ ಇರುತ್ತಿತ್ತು. ಅದರೊಳಗೆ ಹುಟ್ಟಿ ಬೆಳೆದವರಿಗೆ ಅದು ಕೇಳಿಸುವುದಿಲ್ಲ, ನಿಂತಾಗ ಮಾತ್ರ ಗೊತ್ತಾಗುತ್ತದೆ. ಅವತ್ತು ಗಾಣ ನಿಂತಿತ್ತು. ಅಪ್ಪ ಉಣ್ಣಲು ಕೂತಿದ್ದ. ಒಳಗಿನ ಕೋಣೆಯಲ್ಲಿ ನಾನು ಮೊಣಕೈ ತುರಿಸಿಕೊಳ್ಳುತ್ತಿದ್ದ ಸದ್ದು ಮನೆಯ ತುಂಬ ಕೇಳಿಸಿತು. ಒಣಗಿದ ಎಲೆಯ ಮೇಲೆ ಕೋಳಿ ಕೆದರಿದ ಹಾಗೆ.

"ಇನ್ನೂ ಕೆರೀತೈತೇನು?" ಅಪ್ಪ ಕೂತಲ್ಲಿಂದಲೇ ಕೇಳಿದ.

ನನ್ನ ಕೈ ನಿಲ್ಲಲಿಲ್ಲ.

"ಮೂರು ದಿನ ಅಂದಿದ್ದಿಲ್ಲೇನು ಅವ? ಸ್ವಲ್ಪ ದಿನ ಕೆರೀತೈತಿ ಅಂತನೂ ಅಂದಿದ್ದ" ಅಂದಳು ಅವ್ವ.

"ಅವಗೇನು ಗೊತ್ತು? ಎಣ್ಣಿ ಬಿಡೂತನಕ ಎತ್ತು ಬಿಚ್ಚತೀವೇನು ನಾವು? ಹುಳ ಇರದs ಹ್ಯಾಂಗ ಕೆರೀತೈತಿ? ಹಚ್ಚು ಇವತ್ತ."

ಮತ್ತೆ ಹಚ್ಚಿದಳು. ಮರುದಿನವೂ, ಅದರ ಮರುದಿನವೂ. ಎಣ್ಣೆಗೆ ಬರವಿಲ್ಲದ ಮನೆ. ಬೇರೆಯವರಾಗಿದ್ದರೆ ಪುಡಿ ಮುಗಿದಾಗ, ಎಣ್ಣೆ ತೀರಿದಾಗ ನಿಲ್ಲಿಸುತ್ತಿದ್ದರೇನೋ. ಅಪ್ಪ ಪುಡಿಯನ್ನು ಮತ್ತೆ ತಂದ. ನನಗೂ ಬೇಕಾಗಿತ್ತು. ಉರಿದಷ್ಟೂ ಹುಳ ಸಾಯುತ್ತಿದೆ ಅಂದುಕೊಂಡೆ. ಅವ್ವನ ಕೈ ನಿಧಾನವಾದರೆ ನಾನೇ ಬಟ್ಟಲಿಗೆ ಕೈ ಹಾಕಿ ಹಚ್ಚಿಕೊಂಡೆ. ಇಲ್ಲಿ ತಪ್ಪನ್ನೆಲ್ಲ ಅಪ್ಪನ ಮೇಲೆ ಹಾಕುವುದು ಸುಲಭ. ನಿಜವಾಗಿ ಹಟ ಹಿಡಿದವಳು ನಾನು.

ಎರಡನೆಯ ಸೋಮವಾರ ನಮ್ಮ ಮನೆಯವರು ಬಂದರು. ಹತ್ತಿ ಇಳಿಸಲು ನಿನ್ನೆ ಬಂದಿದ್ದೆ, ಇವತ್ತು ಎತ್ತಿಗೆ ಬಿಡುವು ಅಂದರು. ಹೊರಗಿನ ಕಟ್ಟೆಯ ಮೇಲೆ ಕೂತರು, ನಾನು ಬಾಗಿಲ ಒಳಗೆ ನಿಂತೆ. ತಲೆಬಾಗಿಲ ಮರೆಯಲ್ಲಿ ನನ್ನ ಎಡಗೈಯನ್ನು ಬಲಗೈಯಿಂದ ಬಿಗಿಯಾಗಿ ಹಿಡಿದುಕೊಂಡಿದ್ದೆ.

"ಕಮಲಿ ಹ್ಯಾಂಗದಾಳರಿ?"

"ಛಲೋ ಅದಾಳ. ಆಕಳ ಹಾಲು ಕುಡೀತಾಳ."

"ಎಲ್ಲಿ ಮಲಗತಾಳ?"

"ಅವ್ವನ ಮಗ್ಗಲಾಗ."

"ಪಾದ ಒಂದಕ್ಕೊಂದು ತಿಕ್ಕತಾಳೇನ್ರಿ?"

ಅವರು ಚಪ್ಪಲಿಯ ತುದಿಯಿಂದ ನೆಲ ಕೆದರಿದರು. "ಕೂಸು ಅಂದ್ರ ಕಾಲು ಆಡಸದs ಇರತೈತೇನು?"

"ರಾತ್ರಿ ಅಳತಾಳೇನ್ರಿ?"

ಅವರು ಬೀದಿಯ ಕಡೆ ತಿರುಗಿದರು. ಡಾಕ್ಟರು ಹೇಳಿದ್ದನ್ನೆಲ್ಲ ಹೇಳಿದೆ. ತೆಳುವಾಗಿ ಕಲಸಿ, ಮೂರೇ ದಿನ, ಕೂಸಿಗೆ, ನಿಮಗೆ, ಅತ್ತೆಗೆ, ಒಂದೇ ದಿನ ಶುರು ಮಾಡಿರಿ ಎಂದು ಗಂಧಕದ ಪೊಟ್ಟಣ ಕೊಟ್ಟೆ. ಮೂರೇ ದಿನ ಎಂದು ಅವರಿಗೆ ಹೇಳಿದ ನಾನು ಅವತ್ತು ಬೆಳಿಗ್ಗೆ ಎಷ್ಟನೆಯದೋ ಸಲ ಹಚ್ಚಿಕೊಂಡು ಬಂದಿದ್ದೆ.

"ಅವ್ವಗ ಯಾಕ? ಅಕಿಗೇನಾಗೇತಿ? ದಿನಾ ಎರಡು ಹೊತ್ತು ಸ್ನಾನ ಮಾಡಿ ಪೂಜಿ ಮಾಡಾಕಿ. ಅಕಿಗೆ ಹುರುಕು ಅಂದ್ರ ನನ್ನನ್ನ ಮನಿಯಾಗ ಇಟ್ಟಾಳೇನು?"

"ನನ್ನನ್ನ ಇಟ್ಟಾರೇನ್ರಿ?"

ಅವರು ಪೊಟ್ಟಣವನ್ನು ಧೋತರದ ಸೊಂಟಕ್ಕೆ ಸಿಕ್ಕಿಸಿಕೊಂಡು ಎದ್ದರು. ಅತ್ತ ಹೋಗುತ್ತಾ, "ಅಳತಾಳ" ಅಂದರು.

ಮೂರನೆಯ ಸೋಮವಾರದ ಹೊತ್ತಿಗೆ ನನ್ನ ತೋಳು, ಹೊಟ್ಟೆ ಸುಲಿದ ಹಾಗಾಗಿದ್ದವು. ಕೆಂಪಗೆ, ಒಡೆದು, ನೀರು ಒಸರುತ್ತಿತ್ತು. ಮೊದಲಿಗಿಂತ ಹೆಚ್ಚು ತುರಿಕೆ. ಬೆಳಿಗ್ಗೆ ಎದೆ ಹಿಂಡಿದರೆ ಬಟ್ಟಲಿನ ತಳ ಮುಚ್ಚುವಷ್ಟು ಹಾಲು ಬಂತು. ಅವ್ವ ಅದನ್ನು ನೋಡಿ, ನನ್ನ ಕಾಲು ನೋಡಿ ಅತ್ತಳು. ಬೆಳ್ಳಿಯ ಕಾಲುಂಗುರಗಳು ಕಬ್ಬಿಣದಂತೆ ಕಪ್ಪಾಗಿದ್ದವು. ಮುತ್ತೈದೆಯ ಕಾಲುಂಗುರ ಕಪ್ಪಾಗುವುದೆಂದರೆ ಅವಳ ಮನಸ್ಸು ಎಲ್ಲಿಗೆ ಹೋಗಬೇಕೋ ಅಲ್ಲಿಗೆ ಹೋಗಿತ್ತು.

ಮರುದಿನ ದವಾಖಾನೆಗೆ ಹೋದಾಗ ಅವಳು ಮೊದಲು ತೋರಿಸಿದ್ದು ಕಾಲುಂಗುರವನ್ನೇ. ಕಾಂಪೌಂಡರ್ ನಕ್ಕ.

"ಗಂಧಕ ತಾಗಿದ ಬೆಳ್ಳಿ ಕಪ್ಪಾಗತೈತ್ರಿ ಅವ್ವಾರ. ಹುಣಸಿಹಣ್ಣು ಹಚ್ಚಿ ತಿಕ್ಕ್ರಿ, ಹೋಗತೈತಿ. ಕಾಲುಂಗುರ ಬಿಟ್ಟು ಕೈ ತೋರಸ್ರಿ."

ಕೈ ನೋಡಿ ಅವನ ನಗು ಹೋಯಿತು. ಡಾಕ್ಟರು ಬಂದು ನೋಡಿದರು. ಅವರು ಸಿಟ್ಟಿನಿಂದ ಒಂದೇ ಮಾತು ಹೇಳಿದರು, ಅದನ್ನು ಯಾರೂ ತಿರುಗಿಸಿ ಹೇಳಬೇಕಾಗಲಿಲ್ಲ. ಆಮೇಲೆ ಕಾಂಪೌಂಡರ್ ಅಪ್ಪನ ಕಡೆ ತಿರುಗಿದ.

"ಹುಳ ಎಂದೋ ಸತ್ತಾವ ಯಜಮಾನ್ರ. ನೀವು ಈಗ ಸುಡಾಕತ್ತಿದ್ದು ಮಗಳನ್ನ. ಇದು ಹುರುಕಲ್ಲ, ಗಂಧಕದ ಗಾಯ. ಇವತ್ತಿಂದ ಬರೇ ಎಣ್ಣಿ. ತುರಿಕಿ ಇನ್ನೂ ಎರಡು ಮೂರು ವಾರ ಇರತೈತಿ. ಇದ್ದರ ಇರಲಿ. ಅದರಿಂದ ಯಾರಿಗೂ ಹತ್ತಂಗಿಲ್ಲ."

ಅಪ್ಪ ಮನೆಗೆ ಬಂದು ಗಂಧಕದ ಬಟ್ಟಲನ್ನು ತಿಪ್ಪೆಗೆ ಎಸೆದ, ಆಮೇಲೆ ಹೋಗಿ ಬಟ್ಟಲನ್ನಷ್ಟೇ ಎತ್ತಿಕೊಂಡು ಬಂದ. ಆ ವಾರವೆಲ್ಲ ದಿನಾ ಬೆಳಿಗ್ಗೆ ಗಾಣದಿಂದ ಮೊದಲು ಇಳಿದ ಎಣ್ಣೆಯನ್ನು ಅದೇ ಬಟ್ಟಲಲ್ಲಿ ತಂದು ನನ್ನ ಮುಂದೆ ಇಟ್ಟು ಹೋಗುತ್ತಿದ್ದ.

ಎರಡು ಮೂರು ವಾರ. ಅಷ್ಟು ದಿನ ಹಾಲು ಉಳಿಯುವುದಿಲ್ಲ ಎಂದು ನನಗೂ ಅವ್ವನಿಗೂ ಗೊತ್ತಿತ್ತು. ತುರಿಕೆ ನಿಂತ ದಿನ ಬಾ ಅಂದಿದ್ದರು ಅತ್ತೆ. ಹುಳ ಸತ್ತ ಮೇಲೂ ತುರಿಸುತ್ತದೆ ಎಂದರೆ ಅವರು ನಂಬುತ್ತಾರೆಯೇ? ಅಪ್ಪನೇ ನಂಬಿರಲಿಲ್ಲ. ನಾನೂ ನಂಬಿರಲಿಲ್ಲ.

ಉಳಿದದ್ದು ಒಂದೇ ದಾರಿ, ತುರಿಸಿಕೊಳ್ಳದೆ ಇರುವುದನ್ನು ಕಲಿಯುವುದು. ಎರಡೂ ಕೈಗೆ ಕೆಲಸ ಕೊಟ್ಟುಕೊಂಡೆ. ಕುಸುಬಿ ಕೇರಿದೆ, ಹಿಂಡಿ ಒಡೆದೆ. ತುರಿಕೆ ಒಂದು ಕಡೆ ಎದ್ದರೆ ಅದನ್ನು ಮುಟ್ಟದೆ ನೋಡುತ್ತಾ ಕೂತರೆ, ಅದು ಏರಿ, ತುದಿ ಮುಟ್ಟಿ, ತಾನಾಗಿ ಇಳಿಯುತ್ತದೆ. ಇಳಿಯುವಷ್ಟರಲ್ಲಿ ಇನ್ನೊಂದು ಕಡೆ ಏಳುತ್ತದೆ. ನಾಲ್ಕನೆಯ ಸೋಮವಾರ, ಗಾಣ ನಿಂತ ಮನೆಯಲ್ಲಿ, ಅಪ್ಪ ಉಣ್ಣುವಷ್ಟು ಹೊತ್ತು ನಾನು ಸದ್ದಿಲ್ಲದೆ ಕೂತೆ. ಅದೇ ನನ್ನ ಪರೀಕ್ಷೆಯಾಗಿತ್ತು. ಕೈ ತೊಳೆದು ಬಂದು ಅಪ್ಪ, "ಬಂಡಿ ಕಟ್ಟಲೇನು ನಾಳೆ?" ಅಂದ.

"ಇವಳಿಗೆ ಇನ್ನೂ ಕೆರೀತೈತಿ" ಅಂದಳು ಅವ್ವ. "ಬಾಗಿಲದಾಗ ನಿಲ್ಲಿಸಿ ತಿರುಗಿ ಕಳಸತಾರ."

"ಕಳಸ್ಲಿ. ಕೂಸನ್ನ ನೋಡಿಯರ ಬರತೀನಿ" ಅಂದೆ.

ಹನುಮಸಾಗರ ಮುಟ್ಟಿದಾಗ ಮಧ್ಯಾಹ್ನ ತಿರುಗಿತ್ತು. ಅಪ್ಪ ಬಂಡಿಯ ಬಳಿಯೇ ಉಳಿದ. ಅತ್ತೆ ಬಾಗಿಲಿಗೆ ಬಂದರು.

"ನಿಂತೇತೇನು?"

"ನಿಂತೈತ್ರಿ" ಎಂದು ಸುಳ್ಳು ಹೇಳಿದೆ.

"ಕೈ ತೋರ್ಸು."

ಚಾಚಿದೆ. ಈ ಸಲ ಅವರು ನನ್ನ ಕೈಗಳನ್ನು ಹಿಡಿದುಕೊಂಡರು. ತಿರುವಿ ಮುರುವಿ ನೋಡಿದರು. ಸರಿಯಾಗಿ ಅದೇ ಹೊತ್ತಿಗೆ ನನ್ನ ಎಡ ಮಣಿಕಟ್ಟಿನಲ್ಲಿ ತುರಿಕೆ ಎದ್ದಿತು. ಅವರ ಮುಖ ನೋಡಿದರೆ ಸಿಕ್ಕಿಬೀಳುತ್ತೇನೆ ಎಂದು ಅವರ ಕೊರಳ ಕಡೆ ನೋಡಿದೆ. ಅಲ್ಲಿ ಲಿಂಗದ ಕರಡಿಗೆ ತೂಗುತ್ತಿತ್ತು. ಅತ್ತೆ ವಾರಕ್ಕೊಮ್ಮೆ ತಿಕ್ಕಿ ಕನ್ನಡಿಯಂತೆ ಇಟ್ಟುಕೊಳ್ಳುತ್ತಿದ್ದ ಬೆಳ್ಳಿಯ ಕರಡಿಗೆ. ಅದು ಇದ್ದಿಲಿನ ಹಾಗೆ ಕಪ್ಪಾಗಿತ್ತು.

ನನ್ನ ಕೈ ಹಿಡಿದ ಅವರ ಬೆರಳ ಸಂದಿಗಳನ್ನು ಆಗ ನೋಡಿದೆ. ಚರ್ಮ ಸುಲಿದು ಕೆಂಪಾಗಿತ್ತು. ಗಂಧಕದ ವಾಸನೆ ನನ್ನ ಸೀರೆಯದು ಅಂದುಕೊಂಡಿದ್ದೆ. ಅದು ಇಬ್ಬರದೂ ಆಗಿತ್ತು.

ನಾನು ನೋಡಿದ್ದನ್ನು ಅವರು ನೋಡಿದರು. ಕೈ ಬಿಟ್ಟರು. ಒಳಗೆ ಹೋಗಿ ಕಮಲಿಯನ್ನು ತಂದು ನನ್ನ ತೋಳಲ್ಲಿ ಇಟ್ಟು, "ಹಾಲು ಐತೇನು?" ಎಂದಷ್ಟೇ ಕೇಳಿದರು.

ಇಲ್ಲಿ ಬರೆಯಲು ಇಷ್ಟವಾದದ್ದು ಒಂದಿದೆ. ಅಜ್ಜಿಯ ಮೈಯ ಗಂಧಕದ ವಾಸನೆಗೆ ಹೊಂದಿಕೊಂಡಿದ್ದ ಕೂಸು ನನ್ನ ಮೈಯಲ್ಲಿ ಅದೇ ವಾಸನೆ ಮೂಸಿ ಅಳದೆ ಬಂತು ಎಂದು. ಹಾಗೆ ಬಹಳ ಸಲ ಹೇಳಿದ್ದೇನೆ. ಆದರೆ ಅವಳು ಅತ್ತಳು. ಮೊಲೆ ಬಾಯಿಗೆ ಇಟ್ಟರೆ ಎರಡು ಸಲ ಚೀಪಿ, ಬರಲಿಲ್ಲವೆಂದು ಕಚ್ಚಿ, ಮುಖ ತಿರುಗಿಸಿ ಅಜ್ಜಿಯ ಕಡೆ ಕೈ ಚಾಚಿದಳು. ಅವಳ ಪಾದ ತಿರುವಿ ನೋಡಿದೆ. ಗುಳ್ಳೆಗಳು ಒಣಗಿ ಕಲೆಯಾಗಿದ್ದವು. ಹಾಲು ಆಮೇಲೆ ಸ್ವಲ್ಪ ಬಂತು, ಹೊಟ್ಟೆ ತುಂಬುವಷ್ಟು ಎಂದೂ ಬರಲಿಲ್ಲ. ಅವಳು ಆಕಳ ಹಾಲಲ್ಲೇ ಬೆಳೆದಳು.

ಮರುದಿನ ಅಪ್ಪ ಹೊರಟುಹೋದ ಮೇಲೆ ಅತ್ತೆ ಹಿತ್ತಿಲಲ್ಲಿ ಹುಣಸೆಹಣ್ಣು ಮತ್ತು ಒಲೆಯ ಬೂದಿ ಇಟ್ಟುಕೊಂಡು ಕರಡಿಗೆ ತಿಕ್ಕಲು ಕೂತರು. ನಾನು ಕಮಲಿಯನ್ನು ಮಡಿಲಲ್ಲಿ ಹಾಕಿಕೊಂಡು ಹೊಸ್ತಿಲ ಮೇಲೆ ಕೂತಿದ್ದೆ. ತಿಕ್ಕುತ್ತಾ ತಿಕ್ಕುತ್ತಾ ಅವರು ನನ್ನ ಕಾಲ ಕಡೆ ನೋಡಿದರು.

"ಇಲ್ಲಿ ಚಾಚು."

"ನಾ ತಿಕ್ಕೋತೀನಿ ಕೊಡ್ರಿ, ಅತ್ತಿ."

"ಕೂಸು ಐತಿ ಕೈಯಾಗ. ಚಾಚು."

ಮುತ್ತೈದೆ ಕಾಲುಂಗುರ ತೆಗೆಯುವಂತಿಲ್ಲ. ಬೆರಳಲ್ಲಿ ಇದ್ದ ಹಾಗೆಯೇ ತಿಕ್ಕಬೇಕು. ಅತ್ತೆ ನನ್ನ ಪಾದವನ್ನು ಎತ್ತಿ ತಮ್ಮ ಮೊಣಕಾಲ ಮೇಲೆ ಇಟ್ಟುಕೊಂಡರು. ಹಿರಿಯರು ಸೊಸೆಯ ಕಾಲು ಹಿಡಿಯುವುದನ್ನು ನಾನು ಅದಕ್ಕೆ ಮೊದಲು ಕಂಡಿರಲಿಲ್ಲ, ಆಮೇಲೂ ಕಂಡಿಲ್ಲ. ಹುಣಸೆ ಹುಳಿ ಬೆರಳ ಸಂದಿಯ ಗಾಯಕ್ಕೆ ತಾಗಿ ಚುರುಗುಟ್ಟಿತು. ಅವರಿಗೂ ಚುರುಗುಟ್ಟಿರಬೇಕು. ನಡುವೆ ನಿಲ್ಲಿಸಿ ಮಣಿಕಟ್ಟನ್ನು ಮೊಣಕಾಲಿಗೆ ತಿಕ್ಕಿಕೊಂಡರು. ನಾನು ನೋಡುತ್ತಿದ್ದೇನೆಂದು ಗೊತ್ತಿದ್ದೂ ತಿಕ್ಕಿಕೊಂಡರು. ಆಗ ನಾನೂ ತೋಳು ತುರಿಸಿಕೊಂಡೆ.

"ಕೂಸಿಗೆ ಮೂರೇ ದಿನ ಹಚ್ಚೀನಿ" ಅಂದರು ತಲೆ ಎತ್ತದೆ. "ನನಗ ಕೆರೀತಿತ್ತಲ್ಲ, ನಾ ಬಿಡಲಿಲ್ಲ."

"ಬಿಡ್ರಿ ಅತ್ತಿ. ಈಗ ಕೆರಿಯೂದು ಗಂಧಕ. ಬರೇ ಎಣ್ಣಿ ಹಚ್ಚ್ರಿ."

ಅವರು ಎರಡನೆಯ ಕಾಲನ್ನು ಎಳೆದುಕೊಂಡರು.

"ಇನ್ನ ಎಷ್ಟು ದಿನ ಐತಿ ಇದು?"

"ಇನ್ನೊಂದೆರಡು ಸೋಮವಾರರಿ" ಅಂದೆ.